ಮಾಟಗಾತಿಯರನ್ನು ಹುಡುಕಿ



ಬನಶಂಕರಿಯಲ್ಲಿ ನಿಂತು ಸಿನಿಮಾ ಬಗ್ಗೆ ಉದ್ದುದ್ದ ಭಾಷಣ ಮಾಡುವುದು ಸ್ವಲ್ಪ ಅಧಿಕಪ್ರಸಂಗವೇ. 1971ರಲ್ಲಿ ಹುಟ್ಟಿದ ಸುಚಿತ್ರಾ ಫಿಲಂ ಸೊಸೈಟಿ ನಿಮಗೆ ಆ ರುಚಿ ಎಂದೋ ಹತ್ತಿಸಿದೆ. ಅಧಿಕಾರದಾಸೆಯ ದುರಂತಗಳು ತೆರೆಗೆ ಬಂದ ಬಗೆಯೇ ಈ ಉತ್ಸವದ ವಿಷಯ ಅಂದಾಗ ಮಾತಾಡಲು ಒಪ್ಪಿಕೊಂಡೆ.

ಅಂಥ ದುರಂತಗಳಲ್ಲಿ ಎದ್ದು ಕಾಣುವ ಷೇಕ್ಸ್‌ಪಿಯರ್‌ನ ಮ್ಯಾಕ್‌ಬೆತ್ ನಮಗೆ ಹೊಸಬನಲ್ಲ. ಎಂ.ಎಲ್. ಶ್ರೀಕಂಠೇಶಗೌಡರು ಹತ್ತೊಂಬತ್ತನೆಯ ಶತಮಾನದಲ್ಲೇ ಅವನನ್ನು ‘ಪ್ರತಾಪರುದ್ರದೇವ’ನಾಗಿಸಿದರು. ಡಿವಿಜಿ ಅನುವಾದಿಸಿದರು. ಎಚ್.ಎಸ್. ಶಿವಪ್ರಕಾಶರ ರೂಪಾಂತರ ‘ಮಾರನಾಯಕನ ದೃಷ್ಟಾಂತ’ವನ್ನು ಹುಲುಗಪ್ಪ ಕಟ್ಟೀಮನಿ ಮೈಸೂರು ಜೈಲಿನ ಬಂದಿಗಳಿಂದ ಆಡಿಸಿದರು. ಜೀವಾವಧಿ ಶಿಕ್ಷೆಯವರು ರಂಗದ ಮೇಲೆ ಕೊಲೆಗಾರರಾಗಿ ನಿಲ್ಲುವುದೆಂದರೆ ಏನು, ಯೋಚಿಸಿ.

ಅವನ ಕಥೆಯನ್ನು ತೆರೆಗೆ ತಂದ ಸಿನಿಮಾಗಳನ್ನು ನೋಡುವಾಗ ನಿಮಗೊಂದು ಕೆಲಸ ಕೊಡುತ್ತೇನೆ: ನಾಟಕದಲ್ಲಿ ಅವನಿಗೆ ಭವಿಷ್ಯ ನುಡಿಯುವ ಮಾಟಗಾತಿಯರು ಎಲ್ಲಿ ಹೋದರು ಅಂತ ಹುಡುಕಿ. ‘ಮಕ್ಬೂಲ್’ನಲ್ಲಿ (2003) ವಿಶಾಲ್ ಭಾರದ್ವಾಜ್ ಮಾಟಗಾತಿಯರಿಗೆ ಖಾಕಿ ತೊಡಿಸಿದ್ದಾರೆ. ಓಂ ಪುರಿ, ನಾಸಿರುದ್ದೀನ್ ಶಾ ನಟಿಸಿದ ಇಬ್ಬರು ಲಂಚಕೋರ ಪೊಲೀಸರು ಕುಂಡಲಿ ಬರೆದು ಭವಿಷ್ಯ ಹೇಳುತ್ತಾರೆ. ಹೇಳುವುದಷ್ಟೇ ಅಲ್ಲ, ಅದು ಫಲಿಸುವಂತೆಯೂ ನೋಡಿಕೊಳ್ಳುತ್ತಾರೆ! ನಮ್ಮಲ್ಲಿ ಆ ಹುದ್ದೆಗೆ ಟಿವಿ ಜ್ಯೋತಿಷಿಗಳೂ ಎಕ್ಸಿಟ್ ಪೋಲ್‌ನವರೂ ಪೈಪೋಟಿಯಲ್ಲಿದ್ದಾರೆ.

ದಿಲೀಶ್ ಪೋತನ್ ಅವರ ‘ಜೋಜಿ’ಯಲ್ಲಿ (2021) ಮಾಟಗಾತಿಯರೇ ಇಲ್ಲ. ರಾಜ್ಯವೂ ಇಲ್ಲ, ಇರುವುದು ಕೇರಳದ ಒಂದು ತೋಟ, ಸಾಯಲೊಲ್ಲದ ಅಪ್ಪ, ಬದಲಾದ ಮಾತ್ರೆಗಳು. ಅಪ್ಪ ಹೋದ ಮೇಲೆ ಅತ್ತಿಗೆ ಬಿನ್ಸಿ ಜೋಜಿಗೆ ಮಾಸ್ಕ್ ಹಾಕಿಕೊಂಡು ಬಾ ಅನ್ನುತ್ತಾಳೆ. ಅದು ಕೋವಿಡ್ ಕಾಲ, ಆ ಮಾತಿನಲ್ಲಿ ತಪ್ಪು ಹುಡುಕುವಂತಿಲ್ಲ. ಆದರೆ ಮುಚ್ಚಬೇಕಾದದ್ದು ಮೂಗು ಬಾಯಿ ಮಾತ್ರವಲ್ಲ ಅಂತ ಅವಳಿಗೂ ಗೊತ್ತು, ನಮಗೂ ಗೊತ್ತು. ನನ್ನ ಮಟ್ಟಿಗೆ ಎಲ್ಲ ರೂಪಾಂತರಗಳಲ್ಲೂ ಇದೇ ಕ್ರೂರವಾದದ್ದು. ವಿಧಿಯ ಮೇಲೆ ಹೊರಿಸಿ ಕೈತೊಳೆದುಕೊಳ್ಳಲು ದಾರಿಯೇ ಉಳಿದಿಲ್ಲ.

ಮಾರನಾಯಕನನ್ನೂ ಯಾರಾದರೂ ಹೀಗೆ ತೆರೆಯ ಮೇಲೆ ತೋರಿಸಲಿ ಅಂತ ನನಗೊಂದು ಆಸೆ. ಕೋಟೆ ಕಟ್ಟಿಸುವ ಖರ್ಚೂ ಬೇಡ. ಬಡಾವಣೆಯ ಹೌಸಿಂಗ್ ಸೊಸೈಟಿ ಚುನಾವಣೆ ಸಾಕು.

ಕೊನೆಗೆ ಇವತ್ತಿನ ಚಿತ್ರ, ಜಪಾನಿನ ನಿರ್ದೇಶಕ ಕುರೊಸಾವಾ 1957ರಲ್ಲಿ ಮಾಡಿದ ‘ಥ್ರೋನ್ ಆಫ್ ಬ್ಲಡ್’. ಷೇಕ್ಸ್‌ಪಿಯರ್‌ನಲ್ಲಿ ಮ್ಯಾಕ್‌ಬೆತ್‌ನನ್ನು ಕೊಲ್ಲುವವನು ವೈರಿ ಮ್ಯಾಕ್‌ಡಫ್. ಇಲ್ಲಿ ಆ ಪಾತ್ರದ ತೋಶಿರೊ ಮಿಫುನೆಯ ಮೇಲೆ ಬಾಣದ ಮಳೆ ಸುರಿಸುವವರು ಅವನದೇ ಸೈನಿಕರು. ಜಯಕಾರ ಹಾಕಿದವರೇ ಬಿಲ್ಲೆತ್ತಿದ್ದು ಯಾವಾಗ, ಯಾಕೆ ಅಂತ ಗಮನಿಸಿ. ಮೆಟ್ರೋ ತಪ್ಪೀತು ಅಂತ ಕಡೇ ಹತ್ತು ನಿಮಿಷ ಬಿಟ್ಟು ಏಳಬೇಡಿ. ಉತ್ಸವ ಉದ್ಘಾಟನೆಯಾಗಿದೆ.