ಬಾಯಿಗೆ ಬಾರದ ಅಕ್ಷರಗಳು

ಕನ್ನಡದಲ್ಲಿ ಅಕ್ಷರ ಕಲಿತ ಹುಡುಗ ಬರೆದದ್ದನ್ನೆಲ್ಲ ಓದುವುದು ಸಹಜ. ಇಂಗ್ಲಿಷ್ ಪಾಠದಲ್ಲಿ ಡಿ, ಇ, ಬಿ, ಟಿ ಎಂದು ಬರೆದ, ಸಾಲ ಎಂಬರ್ಥದ ಪದವನ್ನು ಅವನು ‘ಡೆಬ್ಟ್’ ಎನ್ನುತ್ತಾನೆ. ತರಗತಿ ನಗುತ್ತದೆ, ಅದನ್ನು ‘ಡೆಟ್’ ಎನ್ನಬೇಕಂತೆ. ಆದರೆ ಮಿತ್ರರೇ, ಆ ‘ಬಿ’ಯ ಚರಿತ್ರೆ ಕೇಳಿದರೆ ನಗಬೇಕಾದದ್ದು ಯಾರನ್ನು ಕಂಡು ಎಂಬ ಅನುಮಾನ ಬರುತ್ತದೆ.

ಈ ಪದ ಇಂಗ್ಲಿಷಿಗೆ ಬಂದದ್ದು ಫ್ರೆಂಚಿನಿಂದ. ಆಗ ಅದರಲ್ಲಿ ‘ಬಿ’ ಇರಲೇ ಇಲ್ಲ, ನುಡಿದಂತೆಯೇ ಬರೆಯುತ್ತಿದ್ದರು. ಮುಂದೆ ಪಂಡಿತರಿಗೆ ಲ್ಯಾಟಿನ್ ವ್ಯಾಮೋಹ ಹತ್ತಿತು. ಲ್ಯಾಟಿನ್ನಿನ ಮೂಲ ‘ಡೆಬಿಟಮ್’ ಅಲ್ಲವೇ, ಅದರ ಗುರುತು ಉಳಿಯಲಿ ಎಂದು ‘ಬಿ’ ಸೇರಿಸಿದರು. ಸಂಶಯ ಎಂಬರ್ಥದ ‘ಡೌಟ್’ಗೂ ಇದೇ ಗತಿ. ಜನ ಮಾತ್ರ ಉಚ್ಚಾರ ಬದಲಿಸಲಿಲ್ಲ. 1598ರಲ್ಲಿ ಅಚ್ಚಾದ ಷೇಕ್ಸ್‌ಪಿಯರನ ‘ಲವ್ಸ್ ಲೇಬರ್ಸ್ ಲಾಸ್ಟ್’ ನಾಟಕದಲ್ಲಿ ಹೋಲೋಫರ್ನಿಸ್ ಎಂಬ ಮಾಸ್ತರನಿದ್ದಾನೆ. ಈ ಎರಡು ಪದಗಳಲ್ಲಿ ‘ಬಿ’ ನುಡಿಯದವರ ಮೇಲೆ ಅವನಿಗೆ ಕೆಂಡದಂಥ ಕೋಪ. ನಾಟಕದಲ್ಲಿ ನಗೆಪಾಟಲಾಗುವವನು ಅವನೇ. ಅಂದು ‘ಬಿ’ ನುಡಿಸಬೇಕೆಂದವನನ್ನು ಕಂಡು ನಕ್ಕರು, ಇಂದು ನುಡಿದವನನ್ನು ಕಂಡು!

ದ್ವೀಪ ಎಂಬರ್ಥದ ‘ಐಲೆಂಡ್’ನ ‘ಎಸ್’ಗಂತೂ ಅಷ್ಟು ಆಧಾರವೂ ಇಲ್ಲ. ಅದು ಅಚ್ಚ ಇಂಗ್ಲಿಷ್ ಪದ. ಲ್ಯಾಟಿನ್ನಿನ ‘ಇನ್ಸುಲಾ’ದಿಂದ ಇಳಿದು ಬಂದ ‘ಐಲ್’ನ ನಂಟನೆಂದು ತಪ್ಪು ತಿಳಿದು ಅದಕ್ಕೂ ‘ಎಸ್’ ತುರುಕಿದರು. ‘ರಿಸೀಟ್’ಗೆ ‘ಪಿ’ ದೊರೆಯಿತು; ಅದೇ ಮನೆತನದ, ಮೋಸ ಎಂಬರ್ಥದ ‘ಡಿಸೀಟ್’ಗೆ ದೊರೆಯಲಿಲ್ಲ. (ಕನ್ನಡದ ‘ರಸೀದಿ’ ಇದರ ತದ್ಭವವೆಂದು ಭಾವಿಸುವವರುಂಟು. ಅದು ಪಾರ್ಸಿಯಿಂದ ಬಂದದ್ದು.)

ಸೈನ್ಯದ ‘ಕರ್ನಲ್’ನ ಕತೆಯೇ ಬೇರೆ. ಬರವಣಿಗೆಯಲ್ಲಿ ‘ಆರ್’ ಇಲ್ಲ, ಎರಡು ‘ಎಲ್’ಗಳಿವೆ. ಇಟಲಿಯ ‘ಕೊಲೊನೆಲ್ಲೊ’ ಫ್ರೆಂಚರ ಬಾಯಲ್ಲಿ ‘ಕೊರೊನೆಲ್’ ಆಗಿ ಇಂಗ್ಲೆಂಡಿಗೆ ಬಂತು. ಆಮೇಲೆ ಕಾಗುಣಿತವನ್ನು ಇಟಲಿಯ ರೂಪಕ್ಕೆ ತಿದ್ದಿದರು, ಉಚ್ಚಾರ ಫ್ರೆಂಚರದ್ದೇ ಉಳಿಯಿತು.

ಹಾಗೆಂದು ಎಲ್ಲ ಕಡೆಯೂ ಆಡುಮಾತೇ ಗೆದ್ದಿಲ್ಲ. ತಪ್ಪು ಎಂಬರ್ಥದ ‘ಫಾಲ್ಟ್’ನ ‘ಎಲ್’ ಕೂಡ ಪಂಡಿತರು ಸೇರಿಸಿದ್ದೇ. ಮಾತಿನಲ್ಲಿ ಅದನ್ನು ಸಾಮಾನ್ಯವಾಗಿ ಬಿಟ್ಟುಬಿಡುತ್ತಾರೆಂದು ಸ್ಯಾಮ್ಯುಯೆಲ್ ಜಾನ್ಸನ್ 1755ರ ತನ್ನ ನಿಘಂಟಿನಲ್ಲಿ ಬರೆದ. ಈಗ ಎಲ್ಲರೂ ನುಡಿಯುತ್ತಾರೆ. ಅಲ್ಲಿ ಗೆದ್ದದ್ದು ಬರೆದದ್ದನ್ನು ನೋಡಿ ಹಾಗೆಯೇ ಓದಿದವರು, ತರಗತಿಯ ಆ ಹುಡುಗನಂತೆ.