ಬರೆಯುವ ಕೈಗೊಂದು ಕ್ಯಾಮೆರಾ

ಸಿನಿಮಾ ಸೇರಬೇಕೆನ್ನುವ ಶಿವಮೊಗ್ಗ, ಭದ್ರಾವತಿಯ ಹುಡುಗ ಹುಡುಗಿಯರಲ್ಲಿ ಕೆಲವರಿಗೆ ಕಥೆಯ ಗೀಳೂ ಇರುತ್ತದೆ, ಕ್ಯಾಮೆರಾದ ಗೀಳೂ ಇರುತ್ತದೆ. ಯಾವುದಾದರೂ ಒಂದನ್ನು ಹಿಡಿ ಎಂದು ಮನೆಯವರು ಹೇಳುತ್ತಾರೆ. ಎರಡನ್ನೂ ಹಿಡಿದವರ ದಾರಿ ಹೇಗಿತ್ತು, ನೋಡೋಣ.

ಗೋವಿಂದ ನಿಹಲಾನಿ 1962ರಲ್ಲಿ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು ಹೊರಬಂದರು. ಅಲ್ಲಿಯೇ ಕಲಿತಿದ್ದ ಮೈಸೂರಿನ ಛಾಯಾಗ್ರಾಹಕ ವಿ.ಕೆ. ಮೂರ್ತಿಯವರ ಕೈಕೆಳಗೆ ಪಳಗಿದರು. 1973ರಲ್ಲಿ ಗಿರೀಶ ಕಾರ್ನಾಡರ ‘ಕಾಡು’ ಚಿತ್ರಕ್ಕೆ ಕ್ಯಾಮೆರಾ ಹಿಡಿದರು. 1980ರಲ್ಲಿ ‘ಆಕ್ರೋಶ್’ ನಿರ್ದೇಶಿಸಿದರು. ಮುಂದೆ ಭೀಷ್ಮ ಸಾಹನಿಯವರ ಕಾದಂಬರಿ ಆಧರಿಸಿದ ‘ತಮಸ್’ಗೆ ಚಿತ್ರಕಥೆಯನ್ನೂ ತಾವೇ ಬರೆದರು. ಮೊದಲು ಒಂದು ಕಸುಬು ಕೈವಶವಾಯಿತು, ಅದು ಅನ್ನ ಕೊಟ್ಟಿತು. ಇನ್ನೊಂದು ಅದರ ಬೆನ್ನಿಗೆ ಬಂತು. ಕನ್ನಡದಲ್ಲಿ ದಿನೇಶ್ ಬಾಬು ಅವರೂ ಛಾಯಾಗ್ರಾಹಕರು. 1997ರ ‘ಅಮೃತವರ್ಷಿಣಿ’ಯ ಕಥೆ, ನಿರ್ದೇಶನ, ಛಾಯಾಗ್ರಹಣ ಮೂರೂ ಅವರದೇ.

ಎರಡು ವಿದ್ಯೆ ಒಬ್ಬರಲ್ಲೇ ಇದ್ದರೆ ಲಾಭವೇನು? ‘ಅವನಿಗೆ ಬೇಸರವಾಗಿತ್ತು’ ಎಂದು ಕಥೆಯಲ್ಲಿ ಬರೆದರೆ ನಡೆಯುತ್ತದೆ, ಚಿತ್ರಕಥೆಯಲ್ಲಿ ನಡೆಯುವುದಿಲ್ಲ. ಬೇಸರವನ್ನು ಕ್ಯಾಮೆರಾ ಹಿಡಿಯಲಾರದು. ‘ಪಾಳಿ ಮುಗಿಸಿ ಕಾರ್ಖಾನೆಯ ಗೇಟು ದಾಟಿದವನು ಸೈಕಲ್ ಹತ್ತದೆ ತಳ್ಳಿಕೊಂಡೇ ಹೋದ’ ಎಂದು ಬರೆಯಿರಿ, ಅದನ್ನು ಹಿಡಿಯಬಹುದು. ಅವನನ್ನು ಎದುರಿನಿಂದ ನೋಡಬೇಕೋ, ಬೆನ್ನ ಹಿಂದಿನಿಂದಲೋ ಎಂಬ ಪ್ರಶ್ನೆ ಆಗಲೇ ಏಳುತ್ತದೆ. ಯಾರು, ಎಲ್ಲಿ ನಿಂತು ನೋಡುತ್ತಿದ್ದಾರೆ ಎಂಬುದು ಬರಹಗಾರನ ಪ್ರಶ್ನೆ; ಛಾಯಾಗ್ರಾಹಕನ ಪ್ರಶ್ನೆಯೂ ಅದೇ.

ನಮ್ಮ ಮಲೆನಾಡಿನ ಮಳೆಯನ್ನೇ ತೆಗೆದುಕೊಳ್ಳಿ. ಹನಿಗಳು ಪರದೆಯ ಮೇಲೆ ಚೆನ್ನಾಗಿ ಕಾಣಬೇಕಾದರೆ ಬೆಳಕು ಅವುಗಳ ಹಿಂದಿನಿಂದ ಬರಬೇಕು. ಇದು ಗೊತ್ತಿರುವವರು ‘ಜೋರು ಮಳೆ’ ಎಂದಷ್ಟೇ ಬರೆದು ಸುಮ್ಮನಾಗುವುದಿಲ್ಲ. ಅಂಗಳದಾಚೆ ಉರಿಯುವ ದೀಪವೊಂದನ್ನೂ ದೃಶ್ಯದಲ್ಲಿಯೇ ಬರೆದಿಡುತ್ತಾರೆ.

ಹಾಗೆಂದು ಪ್ರತಿ ಚಿತ್ರದಲ್ಲೂ ಎರಡು ಹೊರೆಯನ್ನು ಒಬ್ಬರೇ ಹೊರಬೇಕಾಗಿಲ್ಲ. ‘ದ್ವೀಪ’ ಕಾದಂಬರಿ ಸಾಗರದ ನಾ. ಡಿಸೋಜಾ ಅವರದು. ಅದನ್ನು ಚಿತ್ರವಾಗಿಸಿದವರು ನಮ್ಮ ತೀರ್ಥಹಳ್ಳಿ ತಾಲ್ಲೂಕಿನ ಗಿರೀಶ ಕಾಸರವಳ್ಳಿ. ಮಳೆಯನ್ನೂ ಏರುವ ನೀರನ್ನೂ ಸೆರೆಹಿಡಿದು ರಾಷ್ಟ್ರಪ್ರಶಸ್ತಿ ಪಡೆದವರು ಎಚ್.ಎಂ. ರಾಮಚಂದ್ರ ಹಾಲ್ಕೆರೆ. ಮೂವರೂ ಬೇರೆ ಬೇರೆ, ಮುಳುಗಡೆಯ ಸಂಕಟ ಮಾತ್ರ ಒಂದೇ ಆಗಿ ನಮ್ಮನ್ನು ತಟ್ಟುತ್ತದೆ.

ಎರಡನ್ನೂ ಒಬ್ಬರೇ ಮಾಡುವುದರಲ್ಲಿ ಒಂದು ಅಪಾಯವೂ ಇದೆ. ಚೆಂದದ ಶಾಟ್ ಕಥೆಗೆ ಬೇಡವಾದರೂ ಅದನ್ನು ಬಿಡಲು ಮನಸ್ಸು ಬರುವುದಿಲ್ಲ, ಬೇಡ ಎನ್ನುವ ಎರಡನೆಯವರೂ ಪಕ್ಕದಲ್ಲಿರುವುದಿಲ್ಲ. ಆದ್ದರಿಂದ ಬರವಣಿಗೆಯನ್ನು ಚಿತ್ರೀಕರಣಕ್ಕೆ ಮೊದಲೇ ಮುಗಿಸಿ. ಸಂಕಲನವನ್ನು ನಿಷ್ಠುರವಾಗಿ ಮಾತಾಡುವ ಗೆಳೆಯರ ಕೈಗೆ ಕೊಡಿ.

ಕಲಿಯಲು ದುಬಾರಿ ಕ್ಯಾಮೆರಾವೇ ಬೇಕೆಂದಿಲ್ಲ. ಮಾತಿಲ್ಲದ ಒಂದು ಪುಟದ ದೃಶ್ಯ ಬರೆಯಿರಿ. ಭದ್ರಾವತಿಯ ಸಂತೆಯಲ್ಲೋ ಶಿವಮೊಗ್ಗದ ಬಸ್ ನಿಲ್ದಾಣದಲ್ಲೋ ಮೊಬೈಲಿನಲ್ಲೇ ಅದನ್ನು ಚಿತ್ರೀಕರಿಸಿ. ನಿಮ್ಮ ಪುಟ ಓದದ ಒಬ್ಬರಿಗೆ ತೋರಿಸಿ, ಕಥೆ ಏನೆಂದು ಕೇಳಿ. ಅವರು ಸರಿಯಾಗಿ ಹೇಳಿದರೆ ಎರಡನೇ ಪುಟ ಶುರುಮಾಡಿ. ಹೇಳದಿದ್ದರೆ ಮೊದಲ ಪುಟವನ್ನೇ ತಿದ್ದಿ ಬರೆಯಿರಿ.