ಹಿಡಿತಗಾರನ ಹಾದಿ

ಕಬಡ್ಡಿಯಲ್ಲಿ ಒಂದು ತಂಡಕ್ಕೆ ಏಳು ಜನ. ಎದುರಾಳಿ ದಾಳಿಗಾರ ಒಳಗೆ ಬಂದಾಗ ಏಳೂ ಜನ ಹಿಡಿಯುವವರೇ, ಆದರೆ ಏಳೂ ಜನರ ಕೆಲಸ ಒಂದೇ ಅಲ್ಲ. ಎರಡು ತುದಿಗಳಲ್ಲಿ ನಿಲ್ಲುವವರು ಕಾರ್ನರ್. ಅವರ ಕೈ ಹಿಡಿದು ಪಕ್ಕದಲ್ಲಿ ನಿಲ್ಲುವವರು ಇನ್. ಅವರಿಂದ ಒಳಕ್ಕೆ ಇಬ್ಬರು ಕವರ್, ನಟ್ಟನಡುವೆ ಸೆಂಟರ್. ಕೂಗು, ಚಪ್ಪಾಳೆ, ಪೋಸ್ಟರಿನ ಚಿತ್ರ ಹೆಚ್ಚಾಗಿ ದಾಳಿಗಾರನಿಗೆ ಸಲ್ಲುತ್ತವೆ. ಪಂದ್ಯ ಉಳಿಯುವುದು ಮಾತ್ರ ಅನೇಕ ಸಲ ಕಾರ್ನರ್ ಮತ್ತು ಕವರ್‌ಗಳ ಕೈಯಲ್ಲಿ. ಊರಿನ ಗದ್ದೆಯಿಂದ ಲೀಗಿನ ಹರಾಜಿನವರೆಗೆ ಹಿಡಿತಗಾರ ನಡೆಯುವ ದಾರಿಗೆ ಅದರದ್ದೇ ಆದ ಕ್ರಮವಿದೆ.

ಈ ಕಸುಬು ಅರ್ಥವಾಗಬೇಕಾದರೆ ಅಂಕಣದ ಅಳತೆ ತಿಳಿದಿರಬೇಕು. ಪುರುಷರ ಅಂಕಣ 13 ಮೀಟರ್ ಉದ್ದ, 10 ಮೀಟರ್ ಅಗಲ. ಒಂದು ತಂಡದ ಪಾಲಿಗೆ ಆರೂವರೆ ಮೀಟರ್. ನಡುಗೆರೆಯಿಂದ 3.75 ಮೀಟರ್ ದೂರದಲ್ಲಿ ಬಾಕ್ ಗೆರೆ, ಅದರಿಂದ ಒಂದು ಮೀಟರ್ ಆಚೆಗೆ ಬೋನಸ್ ಗೆರೆ. ಅಲ್ಲಿಂದ ಕೊನೆಯ ಗೆರೆಗೆ ಉಳಿಯುವುದು ಒಂದೂಮುಕ್ಕಾಲು ಮೀಟರ್. ಕಾರ್ನರ್‌ನವನ ರಾಜ್ಯ ಆ ಒಂದೂಮುಕ್ಕಾಲು ಮೀಟರಿನ ಪಟ್ಟಿ. ಆರು ಅಥವಾ ಏಳು ಹಿಡಿತಗಾರರು ಅಂಕಣದಲ್ಲಿದ್ದರೆ ದಾಳಿಗಾರ ಬೋನಸ್‌ಗೆ ಕಾಲು ಹಾಕಬಹುದು. ಒಂದು ಕಾಲು ಗೆರೆಯಾಚೆ ಊರುವಾಗ ಇನ್ನೊಂದು ಕಾಲು ಗಾಳಿಯಲ್ಲಿರಬೇಕು ಎಂಬುದು ನಿಯಮ. ಅಂದರೆ ಆ ಕ್ಷಣ ಅವನ ದೇಹದ ಭಾರವೆಲ್ಲ ಒಂದೇ ಪಾದದ ಮೇಲೆ. ಕಾರ್ನರ್‌ನವನು ಕಾಯುವುದು ಆ ಕ್ಷಣಕ್ಕಾಗಿ. ಪಾದ ಊರಿದೊಡನೆ ಇನ್‌ನವನ ಕೈ ಬಿಟ್ಟು, ನೆಲಕ್ಕೆ ಹತ್ತಿರವಾಗಿ ಜಿಗಿದು, ಎರಡೂ ಕೈಯಿಂದ ಹರಡು ಹಿಡಿದು ತನ್ನ ಕಡೆ ಎಳೆದು ಎತ್ತುತ್ತಾನೆ. ಇದಕ್ಕೆ ಆ್ಯಂಕಲ್ ಹೋಲ್ಡ್ ಎಂದು ಹೆಸರು. ಕಣ್ಣು ದಾಳಿಗಾರನ ಮುಖದ ಮೇಲಾಗಲಿ, ಬೀಸುವ ಕೈಯ ಮೇಲಾಗಲಿ ಇರಬಾರದು. ಮುಖ ಸುಳ್ಳು ಹೇಳುತ್ತದೆ, ಕೈ ಆಸೆ ತೋರಿಸುತ್ತದೆ. ಸೊಂಟ ಮತ್ತು ಪಾದಕ್ಕೆ ಅಷ್ಟು ಸುಲಭವಾಗಿ ಸುಳ್ಳು ಹೇಳಲಾಗದು.

ಹೊತ್ತಿಗೆ ಮೊದಲೇ ಎಗರಿದರೆ ಕೆಲಸ ಕೆಟ್ಟಿತು. ಮೈ ತಾಗಿದ ಮೇಲೆ ದಾಳಿಗಾರ ಕಾಲು ಹಿಂದೆಗೆದು ನಡುಗೆರೆ ಮುಟ್ಟಿದರೆ ಹಿಡಿಯಲು ಹೋದವನೇ ಔಟ್. ಒಬ್ಬ ಹೊರಗೆ ಕೂತರೆ ಸರಪಳಿಯ ಒಂದು ಕೊಂಡಿ ಕಳಚಿದಂತೆ. ಕಾರ್ನರ್ ಹಿಡಿದ ಮೇಲೆ ಕವರ್‌ನವನದ್ದು ಎರಡನೇ ಕೆಲಸ: ಓಡಿಬಂದು ಭುಜದಿಂದ ಡ್ಯಾಶ್ ಕೊಟ್ಟು ದಾಳಿಗಾರನನ್ನು ಅಂಕಣದ ಹೊರಕ್ಕೆ ತಳ್ಳುವುದು, ಇಲ್ಲವೇ ನಡುಗೆರೆಯ ದಾರಿಗೆ ಅಡ್ಡವಾಗಿ ಬ್ಲಾಕ್ ಹಾಕುವುದು. ಅರ್ಧ ಸೆಕೆಂಡು ತಡವಾದರೆ ಕಾರ್ನರ್‌ನವನ ಹಿಡಿತ ಸಡಿಲಾಗಿ ಇಬ್ಬರೂ ಔಟಾಗುತ್ತಾರೆ. ಹೀಗಾಗಿ ಹಿಡಿತ ಒಬ್ಬನ ವಿದ್ಯೆಯಲ್ಲ, ಜೋಡಿಯ ವಿದ್ಯೆ. ಮೂರು ಅಥವಾ ಅದಕ್ಕಿಂತ ಕಡಿಮೆ ಜನ ಉಳಿದಾಗ ಹಿಡಿದರೆ ಅದು ಸೂಪರ್ ಟ್ಯಾಕಲ್, ಒಂದರ ಬದಲು ಎರಡು ಅಂಕ. ಒಂದೇ ಪಂದ್ಯದಲ್ಲಿ ಐದು ಹಿಡಿತದ ಅಂಕ ಪಡೆದರೆ ಹೈ ಫೈವ್. ದಾಳಿಗಾರನಿಗೆ ಅಂಥ ಗೌರವ ಸಿಗಲು ಹತ್ತು ಅಂಕ ಬೇಕು. ಹಿಡಿತ ಎಷ್ಟು ದುಬಾರಿ ಎಂಬುದನ್ನು ಈ ಲೆಕ್ಕವೇ ಹೇಳುತ್ತದೆ.

ಈ ವಿದ್ಯೆಯ ಮೊದಲ ಪಾಠ ಊರಿನಲ್ಲೇ. ತ್ರಾಸಿ, ಮರವಂತೆ, ನಾವುಂದ, ಕಿರಿಮಂಜೇಶ್ವರ ಎಂದು ಹೆದ್ದಾರಿಯುದ್ದಕ್ಕೂ ಹಬ್ಬಿದ ಉಡುಪಿ ಜಿಲ್ಲೆಯ ಕರಾವಳಿ ಸೀಮೆಯಲ್ಲಿ ಮಳೆಗಾಲ ಕಳೆದು ಗದ್ದೆ ಕೊಯ್ಲು ಮುಗಿದರೆ ಪಂದ್ಯಾಟಗಳ ಕಾಲ. ಕೂಳೆ ಕಿತ್ತು, ನೆಲ ತಟ್ಟಿ, ನೀರು ಚಿಮುಕಿಸಿ, ಸುಣ್ಣದಲ್ಲಿ ಗೆರೆ ಎಳೆದರೆ ಅಂಕಣ ತಯಾರು. ಕಂಬಕ್ಕೆ ದೀಪ ಕಟ್ಟಿದರೆ ಅದೇ ಹೊನಲು ಬೆಳಕಿನ ಕಬಡ್ಡಿ. ಕೆಲವು ಪಂದ್ಯಾಟಗಳು ಮುಕ್ತ, ಇನ್ನು ಕೆಲವು 60, 65 ಕೆಜಿ ಎಂದು ದೇಹತೂಕ ನೋಡಿ ನಡೆಯುವವು. ತೂಕದ ಪಂದ್ಯಾಟದಿಂದ ಹುಡುಗರಿಗೆ ದೊಡ್ಡ ಉಪಕಾರವಾಗುತ್ತದೆ: ತನ್ನಷ್ಟೇ ಭಾರದವನನ್ನು ಹಿಡಿದು ಕಲಿತು, ಆಮೇಲೆ ಭಾರದವರ ಎದುರು ನಿಲ್ಲಬಹುದು. ಕೊನೆಯಲ್ಲಿ ಹಂಚುವ ವೈಯಕ್ತಿಕ ಬಹುಮಾನ ಮೂರು: ಉತ್ತಮ ದಾಳಿಗಾರ, ಉತ್ತಮ ಹಿಡಿತಗಾರ, ಮತ್ತು ಎರಡರಲ್ಲೂ ಪಳಗಿದ ಸವ್ಯಸಾಚಿ. ಬೆಳಗಿನ ಜಾವ ಮೈಕಿನಲ್ಲಿ ‘ಉತ್ತಮ ಹಿಡಿತಗಾರ’ ಎಂದು ತನ್ನ ಹೆಸರು ಕೇಳಿದ ಹುಡುಗನ ದಾರಿ ಅಲ್ಲಿಂದಲೇ ಶುರುವಾಗುವುದುಂಟು. ಮುಂದಿನ ಪಂದ್ಯಾಟಕ್ಕೆ ಪಕ್ಕದೂರಿನ ತಂಡ ಅವನನ್ನು ಕರೆಯುತ್ತದೆ.

ಎರಡನೇ ಮೆಟ್ಟಿಲು ಶಾಲೆ, ಕಾಲೇಜು. ಶಾಲಾ ಕ್ರೀಡಾಕೂಟದಲ್ಲಿ ತಾಲೂಕು, ಜಿಲ್ಲೆ, ವಿಭಾಗ, ರಾಜ್ಯ ಎಂಬ ಏಣಿಯಿದೆ. ಉಡುಪಿ ಜಿಲ್ಲೆಯ ಹುಡುಗರು ಮೈಸೂರು ವಿಭಾಗದಲ್ಲಿ ಗೆದ್ದು ರಾಜ್ಯಮಟ್ಟಕ್ಕೆ ಹೋಗಬೇಕು. ಕಾಲೇಜಿಗೆ ಬಂದರೆ ಮೂಡುಬಿದಿರೆಯ ಆಳ್ವಾಸ್, ಉಜಿರೆಯ ಎಸ್‌ಡಿಎಂನಂಥ ಸಂಸ್ಥೆಗಳು ಆಟಗಾರರನ್ನು ಆರಿಸಿಕೊಂಡು ಓದಿಸುತ್ತವೆ. ಅಲ್ಲಿ ಮಣ್ಣು ಬಿಟ್ಟು ಮ್ಯಾಟ್, ಬರಿಗಾಲು ಬಿಟ್ಟು ಶೂ. ಊರಲ್ಲಿ ಎಲ್ಲಿ ಬೇಕಾದರೂ ನಿಲ್ಲುತ್ತಿದ್ದವನಿಗೆ ಸಾಮಾನ್ಯವಾಗಿ ಇಲ್ಲೇ ಜಾಗ ಗೊತ್ತಾಗುವುದು: ಗಿಡ್ಡಗೆ ಚುರುಕಾಗಿದ್ದರೆ ಕಾರ್ನರ್, ಎದೆ ಭುಜ ಅಗಲವಿದ್ದರೆ ಕವರ್. ಅಂತರ ವಿಶ್ವವಿದ್ಯಾಲಯ ಪಂದ್ಯಾಟ, ಜೂನಿಯರ್ ಮತ್ತು ಸೀನಿಯರ್ ರಾಜ್ಯ ತಂಡಗಳ ಆಯ್ಕೆ ಇದರ ಮುಂದಿನ ಹಂತ. ಸೀನಿಯರ್ ಪುರುಷರಿಗೆ ತೂಕದ ಮಿತಿ 85 ಕೆಜಿ.

ಮೂರನೆಯದು ಕೆಲಸ. ಲೀಗ್ ಬರುವ ಮೊದಲು ಕಬಡ್ಡಿ ಆಟಗಾರನ ಗುರಿ ಕ್ರೀಡಾ ಕೋಟಾದ ನೌಕರಿಯೇ ಆಗಿತ್ತು. ರೈಲ್ವೆ, ಸೇನೆ, ಬ್ಯಾಂಕು, ತೈಲ ಕಂಪನಿಗಳು ತಂಡ ಕಟ್ಟಿ ಸಂಬಳ ಕೊಟ್ಟು ಆಡಿಸಿದವು. ನಾವುಂದಕ್ಕೆ ಹತ್ತಿರದ ಗಂಗೊಳ್ಳಿ ಮೂಲದ, ಮುಂಬಯಿಯಲ್ಲಿ ಬೆಳೆದ ರಿಶಾಂಕ್ ದೇವಾಡಿಗ ಹೋದದ್ದೂ ಇದೇ ದಾರಿಯಲ್ಲಿ: ಮೊದಲು ದೇನಾ ಬ್ಯಾಂಕು, ಆಮೇಲೆ ಭಾರತ್ ಪೆಟ್ರೋಲಿಯಂ. ಅವರು ದಾಳಿಗಾರ. ಸುಕೇಶ್ ಹೆಗ್ಡೆ, ಪುತ್ತೂರಿನ ಪ್ರಶಾಂತ್ ಕುಮಾರ್ ರೈ ಕೂಡ ದಾಳಿಗೆ ಹೆಸರಾದವರೇ. ಕರಾವಳಿಯಿಂದ ಲೀಗಿಗೆ ಹೋದ ದೊಡ್ಡ ಹೆಸರುಗಳು ದಾಳಿಗಾರರವು. ಅವರನ್ನು ಚಿಕ್ಕಂದಿನಲ್ಲಿ ನೂರಾರು ಸಲ ಹಿಡಿದು ಕೆಡವಿ ಪಳಗಿಸಿದವರು ಊರಿನ ಹಿಡಿತಗಾರರು.

ನಾಲ್ಕನೆಯದು ಲೀಗ್. ಪ್ರೊ ಕಬಡ್ಡಿ ಲೀಗ್ 2014ರ ಜುಲೈಯಲ್ಲಿ ಎಂಟು ತಂಡಗಳೊಂದಿಗೆ ಶುರುವಾಯಿತು, 2017ರಲ್ಲಿ ಹನ್ನೆರಡಕ್ಕೇರಿತು. ಹರಾಜಿನಲ್ಲಿ ಆಟಗಾರರನ್ನು ನಾಲ್ಕು ದರ್ಜೆಗಳಾಗಿ ವಿಂಗಡಿಸುತ್ತಾರೆ. ಈಚಿನ ಹರಾಜುಗಳಲ್ಲಿ ಮೂಲಬೆಲೆ ಮೇಲಿನ ದರ್ಜೆಗೆ 30 ಲಕ್ಷ, ಕೆಳಗಿನದಕ್ಕೆ 9 ಲಕ್ಷ ರೂಪಾಯಿ. ಹೊಸ ಹುಡುಗರಿಗೆ ಬೇರೆಯೇ ಬಾಗಿಲಿದೆ. ಹಿಡಿತಗಾರನ ಏರಿಳಿತ ಕಾಣಲು ಇರಾನಿನ ಫಜಲ್ ಅತ್ರಾಚಲಿಗಿಂತ ಒಳ್ಳೆಯ ಉದಾಹರಣೆ ಸಿಗದು. ಎಡ ಕಾರ್ನರ್‌ನ ಈ ಆಟಗಾರ 2015ರಲ್ಲಿ ಯು ಮುಂಬಾ ಸೇರಿ, ಅದೇ ವರ್ಷ ಪ್ರಶಸ್ತಿ ಗೆದ್ದರು. ಆ ತಂಡದಲ್ಲಿ ರಿಶಾಂಕ್ ಕೂಡ ಇದ್ದರು. 2018ರ ಹರಾಜಿನಲ್ಲಿ ಕೋಟಿ ರೂಪಾಯಿ ಮುಟ್ಟಿದ ಮೊದಲ ಆಟಗಾರ ಫಜಲ್. ದಾಳಿಗಾರರ ಆಟವೆಂದು ಹೆಸರಾದ ಕಬಡ್ಡಿಯಲ್ಲಿ ಮೊದಲ ಕೋಟಿ ಹಿಡಿತಗಾರನಿಗೆ ಸಂದಿತು. ಅದೇ ಹರಾಜಿನಲ್ಲಿ ರಿಶಾಂಕ್ 1 ಕೋಟಿ 11 ಲಕ್ಷಕ್ಕೆ ಯು.ಪಿ. ಯೋಧಾ ತಂಡದಲ್ಲೇ ಉಳಿದರು. ಕೆಲವೇ ತಿಂಗಳಲ್ಲಿ ಜಕಾರ್ತಾದ ಏಷ್ಯನ್ ಕ್ರೀಡಾಕೂಟದ ಸೆಮಿಫೈನಲಿನಲ್ಲಿ ಇರಾನ್ 27–18ರಿಂದ ಭಾರತವನ್ನು ಸೋಲಿಸಿತು. 1990ರಿಂದ ಚಿನ್ನ ಬಿಡದಿದ್ದ ಭಾರತಕ್ಕೆ ಆ ಸಲ ಕಂಚು. ಹಿಡಿತ ಎಷ್ಟು ಬೆಲೆ ಬಾಳುತ್ತದೆಂದು ಅಲ್ಲಿ ಎಲ್ಲರಿಗೂ ತಿಳಿಯಿತು. ಫಜಲ್ ಬೆಲೆ 2022ರಲ್ಲಿ 1 ಕೋಟಿ 38 ಲಕ್ಷ, 2023ರಲ್ಲಿ 1 ಕೋಟಿ 60 ಲಕ್ಷಕ್ಕೇರಿ, 2024ರಲ್ಲಿ 50 ಲಕ್ಷಕ್ಕಿಳಿಯಿತು. ಹರಾಜು ತೂಗುವುದು ಹಳೆಯ ಸಾಧನೆಗಿಂತ ಮುಂದಿನ ಮೊಣಕಾಲನ್ನು.

ಮೊಣಕಾಲೇ ಈ ಕಸುಬಿನ ಅವಧಿಯನ್ನು ನಿರ್ಧರಿಸುವುದು. ಮಣ್ಣಿನಲ್ಲಿ ಕಾಲು ಜಾರುತ್ತದೆ, ಮೈ ತರಚುತ್ತದೆ. ಮ್ಯಾಟ್‌ನಲ್ಲಿ ಶೂ ನೆಲವನ್ನು ಕಚ್ಚಿ ಹಿಡಿಯುತ್ತದೆ. ಪಾದ ನಿಂತು ದೇಹ ತಿರುಗಿದರೆ ಮೊಣಕಾಲಿನ ಒಳಗಿನ ಕಟ್ಟು ಹರಿಯುತ್ತದೆ. ಕಾರ್ನರ್‌ನವನ ಬೆರಳು, ಕವರ್‌ನವನ ಭುಜ ಮತ್ತು ಕತ್ತು ಮತ್ತೆ ಮತ್ತೆ ಪೆಟ್ಟು ತಿನ್ನುವ ಜಾಗಗಳು. ಆದರೂ ಓಟದ ವೇಗವನ್ನೇ ನಂಬಿದ ದಾಳಿಗಾರನಿಗಿಂತ ಹೊತ್ತು ನೋಡಿ ಆಡುವ ಹಿಡಿತಗಾರನಿಗೆ ವಯಸ್ಸು ತುಸು ಹೆಚ್ಚು ಅವಕಾಶ ಕೊಡುತ್ತದೆ.

ಮಹಿಳೆಯರ ಹಾದಿಯಲ್ಲಿ ನಾಲ್ಕನೇ ಮೆಟ್ಟಿಲು ಇನ್ನೂ ಗಟ್ಟಿಯಾಗಿಲ್ಲ. ಕಾರ್ಕಳ ತಾಲೂಕಿನ ಹೆರ್ಮುಂಡೆಯ ಮಮತಾ ಪೂಜಾರಿ 2010 ಮತ್ತು 2014ರ ಏಷ್ಯನ್ ಕ್ರೀಡಾಕೂಟಗಳಲ್ಲಿ ಚಿನ್ನ ಗೆದ್ದ ತಂಡದಲ್ಲಿದ್ದರು, 2014ರಲ್ಲಿ ಅರ್ಜುನ ಪ್ರಶಸ್ತಿ ಪಡೆದರು. ಅವರಿಗೆ ನೆಲೆ ಕೊಟ್ಟದ್ದು ರೈಲ್ವೆ ಕೆಲಸ. 2016ರಲ್ಲಿ ಮೂರು ತಂಡಗಳ ಮಹಿಳಾ ಕಬಡ್ಡಿ ಚಾಲೆಂಜ್ ನಡೆದಾಗ ಒಂದು ತಂಡಕ್ಕೆ ಮಮತಾ, ಇನ್ನೊಂದಕ್ಕೆ ಬೆಂಗಳೂರಿನ ತೇಜಸ್ವಿನಿ ಬಾಯಿ ನಾಯಕಿಯರು. ಪುರುಷರ ಲೀಗಿನಂತೆ ಅದು ವರ್ಷವರ್ಷವೂ ಮುಂದುವರಿಯಲಿಲ್ಲ.

ಕೊನೆಯ ಮೆಟ್ಟಿಲು ಅಂಕಣದ ಹೊರಗಿನ ಕುರ್ಚಿ. ಅರ್ಜುನ ಪ್ರಶಸ್ತಿ ಪಡೆದ ಕರ್ನಾಟಕದ ಬಿ.ಸಿ. ರಮೇಶ್ ತರಬೇತುದಾರರಾಗಿ 2019ರಲ್ಲಿ ಬೆಂಗಾಲ್ ವಾರಿಯರ್ಸ್‌ಗೆ, 2024ರಲ್ಲಿ ಪುಣೇರಿ ಪಲ್ಟನ್‌ಗೆ ಲೀಗ್ ಪ್ರಶಸ್ತಿ ತಂದುಕೊಟ್ಟರು. ಎಲ್ಲರೂ ಅಷ್ಟು ದೂರ ಹೋಗುವುದಿಲ್ಲ. ಬಹಳ ಮಂದಿ ಹಿಡಿತಗಾರರು ನೌಕರಿಯಲ್ಲೋ ದೈಹಿಕ ಶಿಕ್ಷಕರಾಗಿಯೋ ನೆಲೆ ನಿಂತು, ಸಂಜೆ ಊರಿನ ಅಂಕಣಕ್ಕೆ ಸೀಟಿ ಹಿಡಿದು ಬರುತ್ತಾರೆ. ಅಲ್ಲಿ ಹುಡುಗರಿಗೆ ಅವರು ಹೇಳಿಕೊಡುವ ಮೊದಲ ಪಾಠ ಹಿಡಿಯುವುದಲ್ಲ, ಪಕ್ಕದವನ ಕೈಯನ್ನು ಯಾವಾಗ ಬಿಡಬೇಕೆಂಬುದು.